ಕಾಣೆಯಾದ ಡಿಎಲ್‌ಎಲ್ ಯಾವ ಗಂಟಿನದು?

ಪ್ರಶ್ನೆ: ಸಾರ್, ನಾನು ಕೋಲಾರದ ಟೊಮೆಟೊ ಮಂಡಿಯೊಂದರಲ್ಲಿ ಲೆಕ್ಕ ಬರೆಯುತ್ತೇನೆ. ಹೋದ ವಾರ ತಂಗಿ ಮಗ ಬಂದಿದ್ದ. ‘ಒಂದೇ ಹೆಸರಿನವು ಏಳೆಂಟು ಇವೆ ಮಾಮ, ಸುಮ್ನೆ ಜಾಗ ತಿನ್ನುತ್ತಿವೆ’ ಅಂತ ಕಂಪ್ಯೂಟರಿನಿಂದ ಏನೇನೋ ತೆಗೆದುಹಾಕಿದ. ಮಾರನೇ ದಿನ ಹರಾಜಿನ ಹೊತ್ತಿಗೆ ಬಿಲ್ಲಿಂಗ್ ಪ್ರೋಗ್ರಾಂ ಓಪನ್ ಆಗಲಿಲ್ಲ. ‘ಎಂಎಸ್‌ವಿಸಿಪಿ140.ಡಿಎಲ್‌ಎಲ್ ಕಾಣೆಯಾಗಿದೆ’ ಎಂದು ಬಂತು. ಅವನು ಫೋನಿನಲ್ಲಿ ಹೇಳಿದ ಹಾಗೆ ಆ ಫೈಲನ್ನು ಯಾವುದೋ ಸೈಟಿನಿಂದ ಇಳಿಸಿ, ಪ್ರೋಗ್ರಾಂ ಇರುವ ಫೋಲ್ಡರಿಗೆ ಹಾಕಿದೆ. ಈಗ 0ಎಕ್ಸ್‌ಸಿ000007ಬಿ ಅಂತ ಬೇರೆ ಎರರ್. ರೈತರು ಸಾಲಾಗಿ ನಿಂತಿರುತ್ತಾರೆ, ನಾನು ಕೈಯಲ್ಲಿ ಬಿಲ್ ಬರೆಯುತ್ತಿದ್ದೇನೆ. ದಾರಿ ಹೇಳಿ.

ಉತ್ತರ: ಹುಡುಗನನ್ನು ಬೈಯಬೇಡಿ. ಇನ್‌ಸ್ಟಾಲ್ ಆದ ಪ್ರೋಗ್ರಾಂಗಳ ಆ ಪಟ್ಟಿ ನೋಡಿದರೆ ಯಾರಿಗಾದರೂ ಹಾಗೇ ಅನ್ನಿಸುತ್ತದೆ. ಮೈಕ್ರೋಸಾಫ್ಟ್ ವಿಷುಯಲ್ ಸಿ ಪ್ಲಸ್ ಪ್ಲಸ್ 2008, ಮತ್ತೆ ಅದೇ 2010, ಅದೇ 2013. ಒಂದೊಂದರಲ್ಲೂ ಎಕ್ಸ್86 (32 ಬಿಟ್) ಒಂದು, ಎಕ್ಸ್64 (64 ಬಿಟ್) ಒಂದು. ಜೆರಾಕ್ಸ್ ಪ್ರತಿಗಳ ಹಾಗೆ ಕಾಣುತ್ತವೆ. ಒಂದೂ ಜೆರಾಕ್ಸ್ ಅಲ್ಲ.

ಗುಬ್ಬಿ ಹತ್ತಿರದ ನಮ್ಮ ಹಳ್ಳಿಯಲ್ಲಿ ಮದುವೆಗೆ ಅಂತ ಯಾರೂ ಕೊಪ್ಪರಿಗೆ ಕೊಳ್ಳುತ್ತಿರಲಿಲ್ಲ. ದೇವಸ್ಥಾನದಲ್ಲಿ ಊರ ಪಾತ್ರೆಗಳಿದ್ದವು. ತಂದು, ಅಡುಗೆ ಮಾಡಿ, ತೊಳೆದು ವಾಪಸ್ ಇಡುವುದು. ಡಿಎಲ್‌ಎಲ್ ಫೈಲುಗಳೂ ಹಾಗೇ. ಎಲ್ಲ ಪ್ರೋಗ್ರಾಂಗಳಿಗೂ ಬೇಕಾದ ಕೆಲಸವನ್ನು ಒಂದು ಕಡೆ ಬರೆದಿಟ್ಟಿರುತ್ತಾರೆ, ಬೇಕಾದವರು ಬಂದು ಬಳಸುತ್ತಾರೆ. ನಿಮ್ಮ ಬಿಲ್ಲಿಂಗ್ ಪ್ರೋಗ್ರಾಂ ಕೆಟ್ಟಿಲ್ಲ. ಅಡುಗೆಯವರು ಬಂದಿದ್ದಾರೆ, ಕೊಪ್ಪರಿಗೆ ಇಲ್ಲ, ಅಷ್ಟೇ.

ಹುಡುಗ ತೆಗೆದ ಆ ಒಂದೊಂದು ಪ್ಯಾಕೇಜೂ ಇಂಥ ಪಾತ್ರೆಗಳ ಒಂದು ಗಂಟು. ಯಾವ ಗಂಟಿನ ಪಾತ್ರೆ ಎಂದು ಫೈಲಿನ ಹೆಸರಿನ ಕೊನೆಯ ಅಂಕಿಯೇ ಹೇಳುತ್ತದೆ. ಎಂಎಸ್‌ವಿಸಿಆರ್100 ಅಂದರೆ 2010ರ ಪ್ಯಾಕೇಜು. 110 ಅಂದರೆ 2012, 120 ಅಂದರೆ 2013. ಆಮೇಲೆ 130 ಇಲ್ಲ, ನೇರ 140. ಕೆಲವು ಲಾಡ್ಜ್‌ಗಳಲ್ಲಿ 13ನೇ ನಂಬರಿನ ರೂಮೇ ಇರುವುದಿಲ್ಲವಲ್ಲ, ಹಾಗೆ! 140 ಇದ್ದರೆ 2015ರಿಂದ ಈಚಿನ ಎಲ್ಲಕ್ಕೂ ಸೇರಿ ಒಂದೇ ಪ್ಯಾಕೇಜು. ನಿಮಗೆ ಬೇಕಾದದ್ದು ಇದು.

ಎರಡನೇ ಎರರ್ ನೀವೇ ತಂದುಕೊಂಡದ್ದು. ನಿಮ್ಮ ಬಿಲ್ಲಿಂಗ್ ಪ್ರೋಗ್ರಾಂ ಹಳೆಯ 32 ಬಿಟ್‌ನದು ಇರಬೇಕು, ನೀವು ಇಳಿಸಿದ ಫೈಲು 64 ಬಿಟ್‌ನದು. ಹೆಸರು ಒಂದೇ, ಅಳತೆ ಬೇರೆ. 7ಬಿ ಎಂದು ಕೊನೆಯಾಗುವ ಆ ನಂಬರು ಬಂದಾಗ ಹೆಚ್ಚಿನ ಸಲ ಇದೇ ತಂಟೆ. ವಿಂಡೋಸ್ ಫೋಲ್ಡರುಗಳ ಹೆಸರು ಬೇರೆ ದಾರಿ ತಪ್ಪಿಸುತ್ತವೆ. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32ರಲ್ಲಿ ಇರುವುದು 64 ಬಿಟ್ ಫೈಲು. 32 ಬಿಟ್‌ನವು ಇರುವುದು ಸಿಸ್‌ವಾವ್64ರಲ್ಲಿ. ತಲೆಕೆಳಗಲ್ವಾ? ಅದಕ್ಕೇ ಆ ಎರಡು ಫೋಲ್ಡರಿಗೆ ನಾವು ಕೈ ಹಾಕದೇ ಇರುವುದು ಒಳ್ಳೆಯದು.

ಈಗ ಮಾಡಬೇಕಾದದ್ದು. ಮೊದಲು, ಪ್ರೋಗ್ರಾಂ ಫೋಲ್ಡರಿಗೆ ನೀವು ಹಾಕಿದ ಫೈಲನ್ನು ತೆಗೆಯಿರಿ. ಇದನ್ನು ಮರೆತರೆ ಉಳಿದದ್ದೆಲ್ಲ ದಂಡ, ಯಾಕೆಂದರೆ ಪ್ರೋಗ್ರಾಂ ಮೊದಲು ತನ್ನ ಫೋಲ್ಡರಿನಲ್ಲೇ ಹುಡುಕುತ್ತದೆ. ಆಮೇಲೆ ಮೈಕ್ರೋಸಾಫ್ಟ್‌ನವರ ಸ್ವಂತ ಸೈಟಿನಿಂದ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಇಳಿಸಿ. ದುಡ್ಡು ಕೇಳುವುದಿಲ್ಲ. ಎಕ್ಸ್86, ಎಕ್ಸ್64 ಎರಡನ್ನೂ ಹಾಕಿ. ಕಂಪ್ಯೂಟರ್ 64 ಬಿಟ್ ಅಂತ ಎಕ್ಸ್64 ಒಂದನ್ನೇ ಹಾಕಿ ‘ಆಗಲಿಲ್ಲ ಸಾರ್’ ಎಂದು ಬರೆಯುವವರು ಜಾಸ್ತಿ. ರೀಸ್ಟಾರ್ಟ್ ಮಾಡಿ. ಹುಡುಗ 2010, 2013ರ ಪ್ಯಾಕೇಜುಗಳನ್ನೂ ತೆಗೆದಿದ್ದರೆ ಮುಂದೆ ಬೇರೆ ಪ್ರೋಗ್ರಾಂ ತಕರಾರು ಎತ್ತಬಹುದು. ಆಗಲೂ ಅಂಕಿ ನೋಡಿ ಆಯಾ ಪ್ಯಾಕೇಜ್ ಹಾಕಿಕೊಳ್ಳಿ.

ಬಿಡಿ ಡಿಎಲ್‌ಎಲ್ ಕೊಡುವ ಸೈಟುಗಳ ಸಹವಾಸ ಬೇಡ. ನಾನೂ ಮಾಡಿ ಕೆಟ್ಟವನೇ. ತುಮಕೂರಿನಲ್ಲಿ ರಿಪೇರಿ ಅಂಗಡಿ ಇಟ್ಟ ಹೊಸತು, ಲಗ್ನಪತ್ರಿಕೆ ಮಾಡುವ ಒಬ್ಬರ ಕಂಪ್ಯೂಟರಿಗೆ ಹೀಗೇ ಒಂದು ಫೈಲು ತಂದು ಹಾಕಿದೆ. ಜೊತೆಗೆ ವೈರಸ್ಸೂ ಬಂತು. ಮದುವೆ ಸೀಸನ್ನು. ಫಾರ್ಮ್ಯಾಟ್ ಮಾಡಿ, ಹದಿನೇಳು ಪತ್ರಿಕೆಗಳನ್ನು ಅವರ ಪಕ್ಕ ಕೂತು ನಾನೇ ಮತ್ತೆ ಟೈಪ್ ಮಾಡಿಕೊಟ್ಟೆ. ದುಡ್ಡು ಕೇಳಲು ಬಾಯಿ ಬರಲಿಲ್ಲ.

ಒಂದು ವೇಳೆ ಕಾಣೆಯಾದದ್ದು ವಿಂಡೋಸಿನದೇ ಫೈಲಾಗಿದ್ದರೆ, ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ ಕೊಡಿ. ಆ ಪ್ರೋಗ್ರಾಮಿನದೇ ಫೈಲಾಗಿದ್ದರೆ ಆಂಟಿವೈರಸ್ ಎತ್ತಿ ಬೇರೆ ಇಟ್ಟಿದೆಯಾ ನೋಡಿ, ಇಲ್ಲದಿದ್ದರೆ ಪ್ರೋಗ್ರಾಮನ್ನೇ ಮತ್ತೆ ಇನ್‌ಸ್ಟಾಲ್ ಮಾಡಿ. ಅದಕ್ಕೂ ಮುಂಚೆ ಲೆಕ್ಕದ ಡೇಟಾ ಪೆನ್‌ಡ್ರೈವಿಗೆ ಹೋಗಲಿ.

ಪ್ರಶ್ನೆ: ನಾನು ಶಿರಾದ ಡಿಪ್ಲೊಮಾ ವಿದ್ಯಾರ್ಥಿನಿ. ಉಬುಂಟು ಲಿನಕ್ಸ್ 22.04ರಲ್ಲಿ ಒಂದು ಹಳೆಯ ಪ್ರೋಗ್ರಾಂ ‘ಲಿಬ್‌ಎಸ್‌ಎಸ್‌ಎಲ್.ಎಸ್‌ಒ.1.1 ಇಲ್ಲ’ ಎನ್ನುತ್ತದೆ. ಇದ್ದ ಲಿಬ್‌ಎಸ್‌ಎಸ್‌ಎಲ್.ಎಸ್‌ಒ.3ಕ್ಕೆ ಆ ಹೆಸರಿನ ಲಿಂಕ್ ಮಾಡಿದೆ. ಈಗ ವರ್ಷನ್ ಸಿಗಲಿಲ್ಲ ಎನ್ನುತ್ತಿದೆ.

ಉತ್ತರ: ಲಿಂಕ್ ಅಳಿಸಮ್ಮ. ವಿಂಡೋಸಿನಲ್ಲಿ ಡಿಎಲ್‌ಎಲ್ ಇದ್ದ ಹಾಗೆ ಲಿನಕ್ಸಿನಲ್ಲಿ ಈ ‘.ಎಸ್‌ಒ’ ಫೈಲುಗಳು. ಬೋರ್ಡ್ ಬದಲಾಯಿಸಿದರೆ ಪಾವಗಡದ ಬಸ್ಸು ಮಧುಗಿರಿಗೆ ಹೋಗುತ್ತದೆಯೇ? ಕೊನೆಯ ಅಂಕಿ ಬದಲಾಗಿದೆ ಎಂದರೆ ಒಳಗಿನ ಕರಾರೇ ಬದಲಾಗಿದೆ ಎಂದರ್ಥ. ನಿನ್ನ ಫೈಲು ಓಪನ್‌ಎಸ್‌ಎಸ್‌ಎಲ್ ಎಂಬ ಗಂಟಿನದು; ಉಬುಂಟು 20.04ರಲ್ಲಿ ಇದ್ದದ್ದು ಅದರ 1.1.1, 22.04ರಲ್ಲಿ ಇರುವುದು 3. ಹಳೆಯದಕ್ಕೆ ಅದನ್ನು ಮಾಡಿದವರೇ 2023ರ ಸೆಪ್ಟೆಂಬರಿನಲ್ಲಿ ಉಚಿತ ಸೆಕ್ಯುರಿಟಿ ರಿಪೇರಿ ನಿಲ್ಲಿಸಿದರು. ಆ ಪ್ರೋಗ್ರಾಮಿನ ಹೊಸ ಆವೃತ್ತಿ ಹುಡುಕು. ಇಲ್ಲವೆಂದರೆ 20.04ರ ಕಂಟೇನರಿನಲ್ಲಿ, ಅಂದರೆ ನಿನ್ನ ಸಿಸ್ಟಮಿನೊಳಗೇ ಬೇರೆಯಾಗಿ ಇಟ್ಟ ಹಳೆಯ ಉಬುಂಟುವಿನಲ್ಲಿ, ಅದೊಂದನ್ನೇ ಓಡಿಸು.

ಇನ್ನೂ ಏನೇನು ಕಾಣೆಯಾಗಿದೆ ಎಂದು ತಿಳಿಯಲು ಟರ್ಮಿನಲ್‌ನಲ್ಲಿ ‘ಎಲ್‌ಡಿಡಿ’ ಕೊಟ್ಟು ಮುಂದೆ ಪ್ರೋಗ್ರಾಮಿನ ಪಾತ್ (ಅದು ಇರುವ ಜಾಗ) ಕೊಡು. ‘ನಾಟ್ ಫೌಂಡ್’ ಇರುವ ಸಾಲುಗಳನ್ನು ಬರೆದುಕೋ. ‘ಆಪ್ಟ್-ಫೈಲ್ ಸರ್ಚ್’ ಕೊಟ್ಟರೆ ಪ್ರತಿಯೊಂದೂ ಯಾವ ಪ್ಯಾಕೇಜಿನದು ಎಂದು ಹೇಳುತ್ತದೆ. ಎಲ್ಲಿಂದಲೋ ಬಂದ, ನಂಬಿಕೆಯಿಲ್ಲದ ಪ್ರೋಗ್ರಾಮಿನ ಮೇಲೆ ಮಾತ್ರ ಎಲ್‌ಡಿಡಿ ಬಳಸಬೇಡ. ಕೆಲವೊಮ್ಮೆ ಅದು ಆ ಪ್ರೋಗ್ರಾಮನ್ನು ಓಡಿಸಿಯೇ ಬಿಡುತ್ತದೆ.