ಕಾವೇರಿಯಲ್ಲಿ ಡಾಲ್ಫಿನ್ ಇದೆಯೇ?

ದುಬಾರೆಯಲ್ಲಿ ದೋಣಿಯಿಂದ ಹೊಳೆ ದಾಟುವಾಗ ನೀರಿನಿಂದ ಮೇಲೆದ್ದ ಕಪ್ಪು ತಲೆಯೊಂದನ್ನು ಕಂಡು, ಅದು ಗಂಗೆಯಲ್ಲಿರುವಂಥ ಡಾಲ್ಫಿನ್ ಇರಬಹುದೇ, ಅಲ್ಲವಾದರೆ ಕಾವೇರಿಯಲ್ಲಿ ಅದೇಕೆ ಇಲ್ಲ ಎಂದು ಕೇಳಿದ್ದೀರಿ. ನೀವು ಕಂಡದ್ದು ನೀರುನಾಯಿಯೇ ಇರಬೇಕು. ಸಿದ್ದಾಪುರದ ಸಮೀಪ ನಮ್ಮ ಕಾಫಿ ತೋಟದ ಅಂಚಿನಲ್ಲೇ ಹೊಳೆ ಹರಿಯುವುದರಿಂದ, ಅವು ಬಂಡೆಯ ಮೇಲೆ ಕುಳಿತು ಮೀನನ್ನು ತಲೆಯ ಕಡೆಯಿಂದ ಕರುಮುರು ಕಡಿಯುವುದನ್ನು ನಾನು ಹಲವು ಬಾರಿ ನೋಡಿದ್ದೇನೆ.

ಗಂಗೆಯ ಡಾಲ್ಫಿನ್ನನ್ನು ನೋಡಿದ್ದು ಒಮ್ಮೆ ಮಾತ್ರ, ಬಿಹಾರದ ಭಾಗಲ್ಪುರ ಜಿಲ್ಲೆಯ ಕಹಲ್‌ಗಾಂವ್‌ನಲ್ಲಿ. ಸುಲ್ತಾನ್‌ಗಂಜ್‌ನಿಂದ ಅಲ್ಲಿಯವರೆಗಿನ ಗಂಗೆಯನ್ನು 1991ರಲ್ಲಿ ವಿಕ್ರಮಶಿಲಾ ಡಾಲ್ಫಿನ್ ಅಭಯಾರಣ್ಯವೆಂದು ಘೋಷಿಸಲಾಗಿದೆ. ಮೊದಲು ಕಿವಿಗೆ ಬಿದ್ದದ್ದು 'ಸೂಸ್' ಎಂದು ಉಸಿರು ಬಿಟ್ಟ ಸದ್ದು. ತಿರುಗುವಷ್ಟರಲ್ಲಿ ಇಕ್ಕಳದಂಥ ಉದ್ದ ಮೂತಿಯೂ ಬೂದು ಬೆನ್ನೂ ಮಿಂಚಿ ಮರೆಯಾದವು. ಆ ಸದ್ದಿನಿಂದಲೇ ಅಲ್ಲಿನವರು ಅದನ್ನು ಸೋಂಸ್ ಎನ್ನುತ್ತಾರೆ. ಅದು ಮೀನಲ್ಲ, ಮರಿಗೆ ಹಾಲೂಡುವ ಸಸ್ತನಿ. ಒಂದೆರಡು ನಿಮಿಷಕ್ಕೊಮ್ಮೆ ಮೇಲೆ ಬಂದು ಉಸಿರಾಡಲೇಬೇಕು.

ಅದರ ಕಣ್ಣಿನಲ್ಲಿ ಮಸೂರವೇ ಇಲ್ಲ. ಬೆಳಕು-ಕತ್ತಲೆಗಳ ಅರಿವಷ್ಟೇ ಅದಕ್ಕಿರುವುದು. ಅಂಗೈ ಕಾಣದಷ್ಟು ರಾಡಿಯಾದ ಆ ನೀರಿನಲ್ಲಿ ಕಣ್ಣಿದ್ದೂ ಪ್ರಯೋಜನವಿರಲಿಲ್ಲವೆನ್ನಿ. ಎಡೆಬಿಡದೆ ಚಿಟಿಕೆಯಂಥ ಸದ್ದುಗಳನ್ನು ಹೊರಡಿಸುತ್ತ, ಅವುಗಳ ಪ್ರತಿಧ್ವನಿಯಿಂದಲೇ ಮೀನು ಎಲ್ಲಿದೆ, ತಳ ಎಷ್ಟು ಆಳದಲ್ಲಿದೆ ಎಂಬುದನ್ನು ಅದು ತಿಳಿಯುತ್ತದೆ; ಪಕ್ಕಕ್ಕೆ ಹೊರಳಿ ಈಜುತ್ತ, ಕೆಳಗಾದ ಈಜುಗೈಯಿಂದ ನೆಲವನ್ನು ತಡವುವುದೂ ಉಂಟು.

ಇಂಥ ಪ್ರಾಣಿಗೆ ವರ್ಷವಿಡೀ ಆಳವಾದ ನೀರು ಬೇಕು. ಎರಡು ನದಿಗಳು ಕೂಡುವಲ್ಲಿ, ತಿರುವುಗಳಲ್ಲಿ, ನೀರು ಹಿಂದಕ್ಕೆ ಸುಳಿಯುವ ಮಡುಗಳಲ್ಲಿ ಮೀನು ಸೇರುವುದರಿಂದ ಅವೂ ಅಲ್ಲೇ ಸುತ್ತುತ್ತಿರುತ್ತವೆ. ನಮ್ಮ ಕಾವೇರಿಯಲ್ಲೂ ಮಡುಗಳಿವೆ, ನಿಜ; ಆದರೆ ಏಪ್ರಿಲ್‌ನಲ್ಲಿ ಬಂಡೆಯಿಂದ ಬಂಡೆಗೆ ಕಾಲಿಡುತ್ತ ದಾಟಬಹುದಾದ ಹೊಳೆಯಲ್ಲಿ ಎರಡು ಮೀಟರಿಗೂ ಉದ್ದ ಬೆಳೆಯುವ ಪ್ರಾಣಿ ಸಂಚರಿಸುವುದೆಲ್ಲಿ? ಅದಕ್ಕಿಂತ ಹಳೆಯ ಕಾರಣವೊಂದಿದೆ. ಬಹಳ ಹಿಂದೆ ಗಂಗಾ-ಸಿಂಧೂ ಬಯಲನ್ನು ಆಳವಿಲ್ಲದ ಕಡಲು ಆವರಿಸಿತ್ತೆಂದೂ, ಅದು ಹಿಂದೆ ಸರಿದಾಗ ಇವುಗಳ ಪೂರ್ವಜರು ನದಿಗಳಲ್ಲೇ ಉಳಿದರೆಂದೂ ವಿಜ್ಞಾನಿಗಳು ವಿವರಿಸುತ್ತಾರೆ. ಆ ಕಡಲು ಕೊಡಗಿನ ಬೆಟ್ಟಗಳತ್ತ ಬಂದದ್ದಲ್ಲ.

2009ರಲ್ಲಿ ರಾಷ್ಟ್ರೀಯ ಜಲಚರವೆನಿಸಿದ ಈ ಪ್ರಾಣಿ ಇಂದಿಗೂ ಸಂಕಷ್ಟದಲ್ಲಿಯೇ ಇದೆ. 2025ರಲ್ಲಿ ಪ್ರಕಟವಾದ ಸಮೀಕ್ಷೆಯ ಪ್ರಕಾರ ದೇಶದ ನದಿಗಳಲ್ಲಿರುವ ಡಾಲ್ಫಿನ್‌ಗಳು 6,327. ಅವುಗಳಲ್ಲಿ ಪಂಜಾಬಿನ ಬಿಯಾಸ್ ನದಿಯ ಮೂರು ಸಿಂಧೂ ಡಾಲ್ಫಿನ್‌ಗಳೂ ಸೇರಿವೆ. ನೈಲಾನ್ ಬಲೆಗೆ ಸಿಕ್ಕಿದ ಡಾಲ್ಫಿನ್ ಮೇಲೆ ಬರಲಾರದೆ ಉಸಿರುಕಟ್ಟಿ ಸಾಯುತ್ತದೆ. ಎರಡು-ಮೂರು ವರ್ಷಕ್ಕೊಮ್ಮೆ ಒಂದೇ ಮರಿ ಹಾಕುವ ಜೀವಿಗೆ ಆ ನಷ್ಟ ಬೇಗ ತುಂಬುವಂಥದ್ದಲ್ಲ. ಫರಕ್ಕಾದಂಥ ಅಡ್ಡಗಟ್ಟೆಗಳು ಅವುಗಳ ಓಡಾಟವನ್ನೇ ತುಂಡರಿಸಿವೆ.

ಮುಂದಿನ ಬಾರಿ ದುಬಾರೆಗೆ ಬಂದಾಗ ಒಂದನ್ನು ಗಮನಿಸಿ. ಮೇಲೆದ್ದ ತಲೆ ಅಲ್ಲಿಯೇ ನಿಂತು ನಿಮ್ಮನ್ನು ನೆಟ್ಟ ನೋಟದಿಂದ ನೋಡಿದರೆ ಅದು ನೀರುನಾಯಿ. ಸೋಂಸ್ ಹಾಗೆ ನಿಲ್ಲುವುದೂ ಇಲ್ಲ, ನೋಡುವುದೂ ಇಲ್ಲ.