ತಮ್ಮನ ಆಟ ಅಳಿಸಿ ಮಗನ ಆಟ ಶುರು ಮಾಡಬಹುದೇ?

ಪ್ರಶ್ನೆ: ದುಗ್ಗಮ್ಮನ ಜಾತ್ರೆಗೆಂದು ಮನೆಗೆ ಸುಣ್ಣಬಣ್ಣ ಮಾಡಿಸುವಾಗ, ಅಟ್ಟದ ಮೇಲಿನ ಟ್ರಂಕಿನಲ್ಲಿ ನನ್ನ ತಮ್ಮನ ಹಳೆಯ ಗೇಮ್ ಬಾಯ್ ಕಲರ್, ಅಂದರೆ ಕೈಯಲ್ಲಿ ಹಿಡಿದು ವಿಡಿಯೊ ಗೇಮ್ ಆಡುವ ಯಂತ್ರ, ಸಿಕ್ಕಿತು. ಅವನು ಹೈಸ್ಕೂಲಿನಲ್ಲಿದ್ದಾಗ, 2002ರಲ್ಲಿ, ನಮ್ಮ ಚಿಕ್ಕಪ್ಪ ಸಿಂಗಪುರದಿಂದ ತಂದುಕೊಟ್ಟದ್ದು. ಅದರಲ್ಲಿ ಪೋಕೆಮಾನ್ ಗೋಲ್ಡ್ ಎಂಬ ಕ್ಯಾಸೆಟ್ ಇದೆ; ಪೋಕೆಮಾನ್ ಎಂಬ ಕಾಲ್ಪನಿಕ ಪ್ರಾಣಿಗಳನ್ನು ಹಿಡಿದು, ಬೆಳೆಸಿ, ಪಂದ್ಯ ಗೆದ್ದು ಬ್ಯಾಡ್ಜ್ ಗಳಿಸುವ ಆಟ. ಹೊಸ ಪೆನ್ಸಿಲ್ ಸೆಲ್ ಹಾಕಿದರೆ ಈಗಲೂ ನಡೆಯುತ್ತದೆ. ತಮ್ಮ ಆಡಿ ಸೇವ್ ಮಾಡಿದ್ದ ಆಟವೂ ಹಾಗೆಯೇ ಇತ್ತು. ಒಂಬತ್ತು ವರ್ಷದ ನನ್ನ ಮಗ ಮೊದಲಿನಿಂದ ಆಡಬೇಕೆಂದು ‘ನ್ಯೂ ಗೇಮ್’ ಒತ್ತಿ ಅರ್ಧ ಗಂಟೆ ಆಡಿದ. ಸೇವ್ ಮಾಡಲು ಹೋದಾಗ ಏನೋ ಪ್ರಶ್ನೆ ಬಂತೆಂದು ಹೆದರಿ ಆಫ್ ಮಾಡಿಬಿಟ್ಟ. ತಮ್ಮನ ಆಟ ಹೋಯಿತೇ? ಹೋಗಿಲ್ಲದಿದ್ದರೆ, ಅದನ್ನು ಅಳಿಸಿ ಮಗನಿಗೆ ಹೊಸದಾಗಿ ಶುರು ಮಾಡಿಕೊಡುವುದು ಹೇಗೆ? ಬೆಂಗಳೂರಿನಲ್ಲಿರುವ ತಮ್ಮನನ್ನು ಫೋನಿನಲ್ಲಿ ಕೇಳಿದೆ. ‘ಅಳಿಸಿಬಿಡು ಅಕ್ಕಾ, ಅದರಲ್ಲೇನಿದೆ’ ಎಂದ. ಆಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದ. ಯುಗಾದಿಗೆ ಊರಿಗೆ ಬರುತ್ತಾನೆ.
— ಓದುಗರೊಬ್ಬರು, ವಿದ್ಯಾನಗರ, ದಾವಣಗೆರೆ

ಉತ್ತರ: ನಿಮ್ಮ ತಮ್ಮನ ಆಟ ಹೋಗಿಲ್ಲ. ಈ ಕ್ಯಾಸೆಟ್ಟಿನಲ್ಲಿ ಒಂದೇ ಒಂದು ಆಟವನ್ನು ಉಳಿಸಲು ಜಾಗವಿದೆ. ‘ನ್ಯೂ ಗೇಮ್’ ಒತ್ತಿದ ಮಾತ್ರಕ್ಕೆ ಆ ಜಾಗದಲ್ಲಿರುವುದು ಅಳಿಯುವುದಿಲ್ಲ; ಹೊಸ ಆಟವನ್ನು ಮೊದಲ ಸಲ ಸೇವ್ ಮಾಡುವಾಗ, ಇಲ್ಲಿ ಈಗಾಗಲೇ ಬೇರೊಂದು ಆಟವಿದೆ, ಅದರ ಮೇಲೆ ಬರೆಯಬಹುದೇ ಎಂದು ಯಂತ್ರ ಕೇಳುತ್ತದೆ. ನಿಮ್ಮ ಮಗ ಹೆದರಿದ್ದು ಆ ಪ್ರಶ್ನೆಗೇ. ‘ಯೆಸ್’ ಎನ್ನದೆ ಆಫ್ ಮಾಡಿದ್ದರಿಂದ ಅವನ ಅರ್ಧ ಗಂಟೆಯ ಆಟ ಹೋಯಿತೇ ಹೊರತು ಮಾವನ ಆಟಕ್ಕೆ ಏನೂ ಆಗಿಲ್ಲ. ಅರ್ಥವಾಗದ ಪ್ರಶ್ನೆಗೆ ‘ಯೆಸ್’ ಎನ್ನದೆ ಹಿಂದೆ ಸರಿದ ಹುಡುಗನನ್ನು ದಯವಿಟ್ಟು ಬೈಯಬೇಡಿ. ನೀವೇ ಒಮ್ಮೆ ಆನ್ ಮಾಡಿ ‘ಕಂಟಿನ್ಯೂ’ ಒತ್ತಿದರೆ, ಆಡಿದವನ ಹೆಸರು, ಗಳಿಸಿದ ಬ್ಯಾಡ್ಜುಗಳ ಸಂಖ್ಯೆ, ಪೋಕೆಡೆಕ್ಸ್‌ನ (ಹಿಡಿದ ಪೋಕೆಮಾನ್‌ಗಳ ಪಟ್ಟಿಯ) ಲೆಕ್ಕ ಮತ್ತು ಆಡಿದ ಒಟ್ಟು ಸಮಯವಿರುವ ಚಿಕ್ಕ ಚೌಕ ಕಾಣಿಸುತ್ತದೆ.

ಅಳಿಸುವ ವಿಧಾನವನ್ನು ಕೇಳಿದ್ದೀರಿ, ಹೇಳುತ್ತೇನೆ. ಆದರೆ ಅದಕ್ಕೂ ಮೊದಲು, ನೀವು ಅಳಿಸಲಿ ಬಿಡಲಿ, ಆ ಆಟ ಇನ್ನು ಹೆಚ್ಚು ದಿನ ಉಳಿಯುವ ಸ್ಥಿತಿಯಲ್ಲಿಲ್ಲ ಎಂಬುದನ್ನು ತಿಳಿಸಬೇಕು.

ನೀವು ಹೊಸದಾಗಿ ಹಾಕಿದ ಎರಡು ಪೆನ್ಸಿಲ್ ಸೆಲ್‌ಗಳು ಯಂತ್ರವನ್ನು ನಡೆಸುತ್ತವೆ, ಅಷ್ಟೆ. ಸೇವ್ ಮಾಡಿದ ಆಟ ಇರುವುದು ಕ್ಯಾಸೆಟ್ಟಿನೊಳಗೆ, 32 ಕಿಲೋಬೈಟ್‌ನ ಒಂದು ಮೆಮೊರಿ ಚಿಪ್ಪಿನಲ್ಲಿ. ಮೊಬೈಲಿನಲ್ಲಿ ನಾವು ತೆಗೆಯುವ ಒಂದು ಫೋಟೋ ಇದರ ನೂರು ಪಟ್ಟು ಜಾಗ ಕೇಳುವುದುಂಟು. ಇಷ್ಟರಲ್ಲೇ ನಿಮ್ಮ ತಮ್ಮನ ಹೈಸ್ಕೂಲಿನ ಸಂಜೆಗಳೆಲ್ಲ ಅಡಗಿವೆ. ಈ ಚಿಪ್ಪಿಗೆ ಸದಾ ಸ್ವಲ್ಪ ವಿದ್ಯುತ್ ಸಿಗುತ್ತಲೇ ಇರಬೇಕು, ಒಂದು ಕ್ಷಣ ತಪ್ಪಿದರೂ ನೆನಪು ಹೋಗುತ್ತದೆ. ಅದಕ್ಕಾಗಿ ಕ್ಯಾಸೆಟ್ಟಿನೊಳಗೆ ನಾಣ್ಯದಂಥ 3 ವೋಲ್ಟಿನ ಒಂದು ಸಿಆರ್2025 ಸೆಲ್ ಅನ್ನು ಕೂಡಿಸಿರುತ್ತಾರೆ. ಗೋಲ್ಡ್ ಮತ್ತು ಅದರ ಜೊತೆಯ ಸಿಲ್ವರ್ 1999ರ ನವೆಂಬರಿನಲ್ಲಿ ಜಪಾನಿನಲ್ಲಿ ಬಂದಾಗ ಎಲ್ಲರೂ ಬೆರಗಾಗಿದ್ದು, ಹೊರಗೆ ರಾತ್ರಿಯಾದರೆ ಆಟದೊಳಗೂ ರಾತ್ರಿಯಾಗುತ್ತದೆ ಎಂಬುದಕ್ಕೆ. ಅದಕ್ಕೆ ಬೇಕಾದ ಗಡಿಯಾರವೂ ಇದೇ ಸೆಲ್ಲನ್ನೇ ನೆಚ್ಚಿಕೊಂಡಿರುವುದರಿಂದ, ಯಂತ್ರ ಟ್ರಂಕಿನಲ್ಲಿ ಮಲಗಿದ್ದ ವರ್ಷಗಳಲ್ಲೂ ಸೆಲ್ ಸವೆಯುತ್ತಲೇ ಇತ್ತು. ಈ ಆಟದ ಬಹುಪಾಲು ಹಳೆಯ ಕ್ಯಾಸೆಟ್ಟುಗಳಲ್ಲಿ ಸೆಲ್ ಈಗಾಗಲೇ ಸತ್ತಿದೆ. ನಿಮ್ಮದು ಇನ್ನೂ ಬದುಕಿದೆ ಎನ್ನುವುದೇ ವಿಶೇಷ. ನಾಳೆಯೂ ಇರುತ್ತದೆ ಎಂದು ಯಾರೂ ಭರವಸೆ ಕೊಡಲಾರರು.

ಆದ್ದರಿಂದ ಇಲ್ಲಿ ಎರಡು ಆಟಗಳ ಚಿಂತೆ ಮಾಡಬೇಕು. ತಮ್ಮನದು ಯಾವ ದಿನವಾದರೂ ತಾನಾಗಿ ಹೋಗಬಹುದು. ಅದನ್ನು ಅಳಿಸಿ ಹಳೆಯ ಸೆಲ್ಲಿನ ಮೇಲೆಯೇ ಮಗನ ಆಟವನ್ನು ಶುರು ಮಾಡಿಸಿದರೆ, ಬೇಸಿಗೆ ರಜೆಯೆಲ್ಲ ಆಡಿ ಅವನು ಆರೋ ಏಳೋ ಬ್ಯಾಡ್ಜ್ ಗೆದ್ದ ಮೇಲೆ ಒಂದು ಬೆಳಿಗ್ಗೆ ‘ಕಂಟಿನ್ಯೂ’ ಎಂಬ ಸಾಲೇ ಕಾಣದೆ ಹೋಗಬಹುದು. ಹಾಗಾಗಿ ಹೊಸ ಆಟಕ್ಕೆ ಮೊದಲು ಹೊಸ ಸೆಲ್ ಬೇಕು. ಹಳೆಯ ಸೆಲ್ಲನ್ನು ಬಿಡಿಸಿದ ಕೂಡಲೇ ಚಿಪ್ಪಿನ ನೆನಪು ಹೋಗುವುದರಿಂದ, ನಿಮಗೆ ಅಳಿಸುವ ಗುಂಡಿಗಳ ಅಗತ್ಯವೇ ಬೀಳುವುದಿಲ್ಲ. ಸೆಲ್ ಬದಲಿಸುವುದೆಂದರೆ ಅಳಿಸುವುದೇ. ತಮ್ಮನದರಲ್ಲಿ ಏನೇನು ಉಳಿಸಿಕೊಳ್ಳಬೇಕೋ ಅದೆಲ್ಲ ಕ್ಯಾಸೆಟ್ ಬಿಚ್ಚುವುದಕ್ಕೆ ಮೊದಲೇ ಆಗಬೇಕು.

ಉಳಿಸಿಕೊಳ್ಳುವುದಕ್ಕೆ ಇರುವ ದಾರಿಗಳಲ್ಲಿ ಸುಲಭದ್ದು ಮೊಬೈಲಿನ ಕ್ಯಾಮೆರಾ. ‘ಕಂಟಿನ್ಯೂ’ ಒತ್ತಿದಾಗ ಬರುವ ಚೌಕ, ಒಳಗೆ ಆಟಗಾರನ ಕಾರ್ಡು, ಅವನು ಜೊತೆಯಲ್ಲಿಟ್ಟುಕೊಂಡಿದ್ದ ಆರು ಪೋಕೆಮಾನ್‌ಗಳು, ಅವುಗಳಿಗೆ ಅವನಿಟ್ಟ ಹೆಸರುಗಳು, ಇವಿಷ್ಟನ್ನು ಫೋಟೋ ತೆಗೆದಿಡಿ. ಗೇಮ್ ಬಾಯ್ ಕಲರ್‌ನ ಪರದೆಗೆ ಹಿಂದಿನಿಂದ ಬೆಳಕಿಲ್ಲ. ಕಿಟಕಿಯ ಪಕ್ಕ, ಬಿಸಿಲು ನೇರವಾಗಿ ಬೀಳದ ಕಡೆ ಹಿಡಿದರೆ ಫೋಟೋ ಚೆನ್ನಾಗಿ ಬರುತ್ತದೆ. ಇದನ್ನು ಈ ಪತ್ರಿಕೆ ಕೈಗೆ ಬಂದ ದಿನವೇ ಮಾಡಿ, ಯುಗಾದಿಗೆ ಕಾಯಬೇಡಿ.

ಎರಡನೆಯದು, ಇನ್ನೊಂದು ಗೇಮ್ ಬಾಯ್, ಗೋಲ್ಡ್, ಸಿಲ್ವರ್ ಅಥವಾ ಅದೇ ಸರಣಿಯ ಕ್ರಿಸ್ಟಲ್‌ನ ಇನ್ನೊಂದು ಕ್ಯಾಸೆಟ್ ಮತ್ತು ಎರಡನ್ನೂ ಜೋಡಿಸುವ ಕೇಬಲ್ ಸಿಕ್ಕರೆ, ತಮ್ಮನ ಪೋಕೆಮಾನ್‌ಗಳನ್ನು ಅಲ್ಲಿಗೆ ವಿನಿಮಯ ಮಾಡಿ ಇಡುವುದು. ಮುಂದೆ ಮಗನ ಆಟಕ್ಕೆ ಅವನ್ನು ಮರಳಿ ತರಬಹುದು. ಮಾವನ ಹೆಸರು ಹೊತ್ತ ಪೋಕೆಮಾನ್ ಅಳಿಯನ ಬಳಿಗೆ ಬರುತ್ತದೆ. ತುಂಬ ಬಲಿತಿರುವಂಥವು ಮಾತ್ರ, ಸಾಕಷ್ಟು ಬ್ಯಾಡ್ಜ್ ಗೆಲ್ಲುವವರೆಗೆ ಹೊಸ ಒಡೆಯನ ಮಾತು ಕೇಳುವುದಿಲ್ಲ. ನಮ್ಮ ಊರಿನಲ್ಲಿ ಇಷ್ಟೆಲ್ಲ ಸಾಮಾನು ಒಟ್ಟಿಗೆ ಸಿಗುವುದು ಕಷ್ಟ ಎಂಬುದನ್ನು ಬಲ್ಲೆ.

ನಾನು ನಿಮಗೆ ಹೇಳುವುದು ಮೂರನೆಯ ದಾರಿಯನ್ನು. ಈ ಕ್ಯಾಸೆಟ್ಟನ್ನು ಯುಎಸ್‌ಬಿ ಮೂಲಕ ಕಂಪ್ಯೂಟರಿಗೆ ಜೋಡಿಸಿ, ಉಳಿಸಿದ ಆಟವನ್ನು ಒಂದು ಫೈಲಾಗಿ ನಕಲು ಮಾಡಿಕೊಳ್ಳುವ ಚಿಕ್ಕ ಉಪಕರಣಗಳು ಆನ್‌ಲೈನಿನಲ್ಲಿ ಸಿಗುತ್ತವೆ. ಬರೀ 32 ಕಿಲೋಬೈಟ್ ಆದ್ದರಿಂದ ನಿಮ್ಮ ತಮ್ಮ ಅದನ್ನು ತನ್ನ ಇಮೇಲಿಗೇ ಕಳಿಸಿಕೊಂಡು ಇಟ್ಟುಕೊಳ್ಳಬಹುದು. ಫೈಲ್ ಕೈಯಲ್ಲಿದ್ದರೆ ಮುಂದೆ ಯಾವಾಗ ಬೇಕಾದರೂ, ಇದೇ ಆಟದ ಮತ್ತೊಂದು ಕ್ಯಾಸೆಟ್ಟಿಗೆ ಅದನ್ನು ತುಂಬಿ, ಅವನು 2002ರಲ್ಲಿ ಎಲ್ಲಿ ನಿಲ್ಲಿಸಿದ್ದನೋ ಅಲ್ಲಿಂದಲೇ ಮುಂದುವರಿಸಬಹುದು. ಯುಗಾದಿಗೆ ಬರುವಾಗ ಇಂಥದ್ದೊಂದನ್ನು ತರಿಸಿಕೊಂಡು ಬಾ ಎಂದು ಅವನಿಗೇ ಹೇಳಿ.

ಅವನಿಗೇ ಹೇಳಿ ಎನ್ನುವುದಕ್ಕೆ ಕಾರಣವಿದೆ. ‘ಅದರಲ್ಲೇನಿದೆ’ ಎಂದವನು ಆಮೇಲೆ ಸುಮ್ಮನಾದ ಎಂದು ಬರೆದಿದ್ದೀರಿ. ನಿಮ್ಮ ಪತ್ರದಲ್ಲಿ ನಾನು ಎರಡು ಸಲ ಓದಿದ ಸಾಲು ಅದು. ಕಾಲೇಜಿನ ಹಾಸ್ಟೆಲಿನಲ್ಲಿದ್ದಾಗ ಗೆಳೆಯನೊಬ್ಬನ ಕ್ಯಾಸೆಟ್ ಪಡೆದು, ಇದೇ ಪ್ರಶ್ನೆ ಬಂದಾಗ ಪೂರ್ತಿ ಓದದೆ ನಾನು ‘ಯೆಸ್’ ಒತ್ತಿದ್ದೆ. ಅವನು ಸಿಟ್ಟಾಗಲಿಲ್ಲ, ಹೋಗಲಿ ಬಿಡು ಎಂದ. ಆದರೆ ಆ ಆಟವನ್ನು ಅವನು ಮತ್ತೆ ಕೈಗೆತ್ತಿಕೊಳ್ಳಲೂ ಇಲ್ಲ. ಕ್ಯಾಸೆಟ್ ಯಾರ ಮನೆಯಲ್ಲಿದೆ ಎಂಬುದಕ್ಕಿಂತ ಅದರೊಳಗಿನ ಗಂಟೆಗಳು ಯಾರವು ಎಂಬುದು ಮುಖ್ಯ ಎಂದು ನಾನು ಅಂದಿನಿಂದ ನಂಬಿದ್ದೇನೆ. ನಿಮ್ಮ ತಮ್ಮ ಒಪ್ಪಿಗೆ ಕೊಟ್ಟಾಗಿದೆ, ನಿಜ. ಆದರೂ ಅಳಿಸುವ ಕೆಲಸ ಅವನ ಕೈಯಿಂದಲೇ, ಅಳಿಯನನ್ನು ಪಕ್ಕದಲ್ಲಿ ಕೂರಿಸಿಕೊಂಡು ಆಗಲಿ. ಅದಕ್ಕೆ ಮೊದಲು ಒಂದು ಸಂಜೆ ಅವನು ತನ್ನ ಹಳೆಯ ಆಟವನ್ನು ಹುಡುಗನಿಗೆ ತೋರಿಸಲಿ.

ಸೆಲ್ ಬದಲಿಸುವ ವಿಚಾರ. ಕ್ಯಾಸೆಟ್ಟಿನ ಹಿಂದಿರುವ ಸ್ಕ್ರೂ ಸಾಮಾನ್ಯ ಸ್ಕ್ರೂಡ್ರೈವರಿಗೆ ಬರುವುದಿಲ್ಲ, ಅದಕ್ಕೆ 3.8 ಮಿ.ಮೀ. ಅಳತೆಯ ಬೇರೆಯೇ ತುದಿ ಬೇಕು. ಒಳಗಿನ ಸೆಲ್ಲನ್ನು ಬೆಸುಗೆ ಹಾಕಿ ಕೂಡಿಸಿರುತ್ತಾರೆ. ಮೊಬೈಲ್ ರಿಪೇರಿಯವರು ಯಾರಾದರೂ ಹತ್ತು ನಿಮಿಷದಲ್ಲಿ ಮಾಡಿಕೊಡಬಲ್ಲ ಕೆಲಸವಿದು, ಆದರೆ ಎರಡು ಮಾತನ್ನು ಮೊದಲೇ ಹೇಳಿ. ಸೆಲ್ಲಿನ ಮೈಗೆ ನೇರವಾಗಿ ಕಾವು ಕೊಡಬಾರದು, ಲಿಥಿಯಂ ಸೆಲ್ ಸಿಡಿಯುವ ಅಪಾಯವಿದೆ. ಎರಡೂ ಕಡೆ ಲೋಹದ ಪಟ್ಟಿ ಇರುವ ಸೆಲ್ಲನ್ನೇ ತರಿಸಿ, ಬೆಸುಗೆಯನ್ನು ಆ ಪಟ್ಟಿಗೆ ಮಾತ್ರ ಹಾಕಬೇಕು. ಅಂಗಡಿಗಳಲ್ಲಿ ಸುಲಭವಾಗಿ ಸಿಗುವ ಸಿಆರ್2032 ಇದಕ್ಕಿಂತ ದಪ್ಪ, 2.5 ಮಿ.ಮೀ. ಬದಲು 3.2 ಮಿ.ಮೀ.; ಅದನ್ನು ತುರುಕಲು ಬಿಡಬೇಡಿ. ಕೂಡಿಸಿದ ಮೇಲೆ ಹೊಸ ಆಟ ಶುರು ಮಾಡಿ, ಒಮ್ಮೆ ಸೇವ್ ಮಾಡಿ ಆಫ್ ಮಾಡಿ, ಮರುದಿನ ಆನ್ ಮಾಡಿ ನೋಡಿ. ‘ಕಂಟಿನ್ಯೂ’ ಕಾಣಿಸಿದರೆ ಹುಡುಗ ನಿಶ್ಚಿಂತೆಯಿಂದ ಆಡಬಹುದು.

ಸೆಲ್ ಬದಲಿಸುವುದು ತಡವಾಗುತ್ತದೆ, ನಕಲು ಮಾಡಿಕೊಂಡಾಗಿದೆ, ಹುಡುಗ ತಡೆಯುತ್ತಿಲ್ಲ ಎಂದಾದರೆ ಗುಂಡಿಗಳಿಂದಲೇ ಅಳಿಸಬಹುದು. ಆನ್ ಮಾಡಿ, ಆಟದ ಹೆಸರು ಮೂಡುವ ಮೊದಲ ಪರದೆ ಬಂದಾಗ, ಮೇಲ್ಮುಖದ ಬಾಣ, ಸೆಲೆಕ್ಟ್ ಮತ್ತು ಬಿ, ಈ ಮೂರನ್ನೂ ಒಟ್ಟಿಗೆ ಒತ್ತಿ ಹಿಡಿಯಿರಿ. ಉಳಿಸಿದ್ದನ್ನೆಲ್ಲ ಅಳಿಸಬೇಕೇ ಎಂಬ ಪ್ರಶ್ನೆ ಬರುತ್ತದೆ. ಗುರುತು ಮೊದಲು ‘ನೋ’ ಮೇಲೆ ಇರುತ್ತದೆ; ‘ಯೆಸ್’ಗೆ ಇಳಿಸಿ ಎ ಒತ್ತಿದರೆ ಮುಗಿಯಿತು. ಮೇಲ್ಮುಖದ ಬಾಣದ ಬದಲು ಕೆಳಮುಖದ್ದನ್ನು ಒತ್ತಿದರೆ ಗಡಿಯಾರವನ್ನು ತಿದ್ದುವ ಬೇರೆ ಪರದೆ ಬಂದು ಪಾಸ್‌ವರ್ಡ್ ಕೇಳುತ್ತದೆ. ಗಾಬರಿಯಾಗದೆ ಆಫ್ ಮಾಡಿ ಮತ್ತೆ ಪ್ರಯತ್ನಿಸಿ. ಮೂರು ಗುಂಡಿಗಳನ್ನು ಒಟ್ಟಿಗೆ ಹಿಡಿಯುವ ಈ ತೊಡಕು, ಆಡುತ್ತಾ ಆಡುತ್ತಾ ಕೈತಪ್ಪಿ ಯಾರದೂ ಅಳಿಯದಿರಲಿ ಎಂದೇ ಇಟ್ಟದ್ದೆಂದು ನಾನು ತಿಳಿದಿದ್ದೇನೆ. ಅಳಿಸಿದ್ದನ್ನು ಮರಳಿ ತರುವ ಗುಂಡಿ ಯಾವುದೂ ಇಲ್ಲ.

ಪ್ರಶ್ನೆ: ನಾನು ಪಿಯುಸಿ ಓದುತ್ತಿದ್ದೇನೆ. ನಮ್ಮ ಮನೆಯಲ್ಲಿ ಒಂದು ನಿಂಟೆಂಡೊ ಸ್ವಿಚ್ ಇದೆ. ಪೋಕೆಮಾನ್ ಸ್ವೋರ್ಡ್ ಆಟವನ್ನು ನಾನು ಮುಗಿಸಿದ್ದೇನೆ, ಈಗ ತಂಗಿ ಮೊದಲಿನಿಂದ ಆಡಬೇಕೆನ್ನುತ್ತಾಳೆ. ಮೇಲ್ಮುಖ, ಎಕ್ಸ್, ಬಿ ಎಂದೆಲ್ಲ ಒತ್ತಿ ನೋಡಿದೆ, ಏನೂ ಆಗಲಿಲ್ಲ. ಆಟವನ್ನೇ ಡಿಲೀಟ್ ಮಾಡಿ ಮತ್ತೆ ಹಾಕಿದರೂ ನನ್ನ ಆಟವೇ ಬರುತ್ತದೆ.
— ಓದುಗರೊಬ್ಬರು, ಚಿತ್ರದುರ್ಗ

ಉತ್ತರ: ನೀವು ಏನನ್ನೂ ಅಳಿಸಬೇಕಾಗಿಲ್ಲ. ಸ್ವಿಚ್‌ನಲ್ಲಿ ಎಂಟು ಜನರವರೆಗೆ ಪ್ರತ್ಯೇಕ ಬಳಕೆದಾರರನ್ನು ಸೇರಿಸಬಹುದು. ಈ ಆಟದಲ್ಲಿ ಒಬ್ಬೊಬ್ಬರಿಗೂ ಅವರದೇ ಸೇವ್ ಇರುತ್ತದೆ. ಸಿಸ್ಟಮ್ ಸೆಟಿಂಗ್ಸ್‌ನಲ್ಲಿ ತಂಗಿಯ ಹೆಸರಿನಲ್ಲಿ ಹೊಸ ಬಳಕೆದಾರರನ್ನು ಸೇರಿಸಿ, ಆಟ ತೆರೆಯುವಾಗ ಅವಳ ಚಿತ್ರವನ್ನು ಆರಿಸಿ. ಅವಳಿಗೆ ಆಟ ಮೊದಲಿನಿಂದ ಶುರುವಾಗುತ್ತದೆ, ನಿಮ್ಮದು ನಿಮ್ಮ ಹೆಸರಿನಲ್ಲಿ ಹಾಗೆಯೇ ಉಳಿಯುತ್ತದೆ.

ಆಟವನ್ನು ತೆಗೆದು ಮತ್ತೆ ಹಾಕಿದರೂ ಹಳೆಯದೇ ಬಂದದ್ದಕ್ಕೆ ಕಾರಣ, ಈ ಯಂತ್ರ ಆಟದ ತಂತ್ರಾಂಶವನ್ನೂ ಅದರ ಸೇವ್ ಅನ್ನೂ ಬೇರೆಬೇರೆಯಾಗಿ ಇಡುತ್ತದೆ ಎನ್ನುವುದು. ಸ್ವೋರ್ಡ್‌ನಲ್ಲಿ ಹಿಂದಿನಂತೆ ಗುಂಡಿಗಳಿಂದ ಅಳಿಸುವ ವಿಧಾನವೂ ಇಲ್ಲ. ನಿಜವಾಗಿಯೂ ಅಳಿಸಲೇಬೇಕಾದವರು ಸಿಸ್ಟಮ್ ಸೆಟಿಂಗ್ಸ್, ಡೇಟಾ ಮ್ಯಾನೇಜ್‌ಮೆಂಟ್, ಡಿಲೀಟ್ ಸೇವ್ ಡೇಟಾ ಎಂದು ಒಂದೊಂದಾಗಿ ಒಳಹೋಗಿ, ಯಾವ ಆಟ, ಯಾರ ಹೆಸರು ಎಂಬುದನ್ನು ಆರಿಸಬೇಕು. ಹೆಸರನ್ನು ಮಾತ್ರ ಎರಡು ಸಲ ನೋಡಿಕೊಳ್ಳಿ.

ಪ್ರಶ್ನೆ: ಹಳೆಯ ನಿಂಟೆಂಡೊ ಡಿಎಸ್ ಒಂದನ್ನು ಪೋಕೆಮಾನ್ ಡೈಮಂಡ್ ಸಮೇತ ಕೊಂಡುಕೊಂಡೆ. ಹೊಸ ಆಟ ಶುರುವಾಗುತ್ತದೆ, ಆದರೆ ಎಷ್ಟು ಆಡಿದರೂ ಸೇವ್ ಮಾಡಲು ಬಿಡುವುದಿಲ್ಲ. ಸೆಲ್ ಸತ್ತಿದೆಯೇ?
— ಓದುಗರೊಬ್ಬರು, ಹರಿಹರ

ಉತ್ತರ: ಸೆಲ್ಲಿನ ತೊಂದರೆಯಲ್ಲ. 2006ರಲ್ಲಿ ಬಂದ ಈ ಆಟ ತನ್ನ ನೆನಪನ್ನು ವಿದ್ಯುತ್ ಇಲ್ಲದೆಯೂ ಉಳಿಯುವ ಚಿಪ್ಪಿನಲ್ಲಿ ಇಡುತ್ತದೆ. ಅದರಲ್ಲಿ ಹಿಂದಿನ ಒಡೆಯರ ಆಟ ಇನ್ನೂ ಇದೆ, ಮತ್ತು ಡೈಮಂಡ್‌ನಲ್ಲಿ ಒಬ್ಬರ ಆಟದ ಮೇಲೆ ಇನ್ನೊಬ್ಬರದನ್ನು ಬರೆಯಲು ಬರುವುದಿಲ್ಲ. ಮೊದಲು ಅಳಿಸಿಯೇ ಶುರು ಮಾಡಬೇಕು. ಆಟದ ಹೆಸರಿನ ಪರದೆಯಲ್ಲಿ ಮೇಲ್ಮುಖದ ಬಾಣ, ಸೆಲೆಕ್ಟ್, ಬಿ ಮೂರನ್ನೂ ಒಟ್ಟಿಗೆ ಹಿಡಿದರೆ ಅಳಿಸುವ ಪ್ರಶ್ನೆ ಬರುತ್ತದೆ. ಮಾರಿದವರ ಪರಿಚಯ ನಿಮಗಿದ್ದರೆ, ಒತ್ತುವ ಮೊದಲು ಅವರಿಗೊಂದು ಫೋನ್ ಮಾಡಿ, ಅದರಲ್ಲಿ ತಮ್ಮದೇನಾದರೂ ಬೇಕಿತ್ತೇ ಎಂದು ಕೇಳಿ.