ನೀವು ಕೇಳಿದ್ರಿ: ಇಂಡೋನೇಷ್ಯಾದ ಊರ ಸ್ಟೇಜು ಮೊಬೈಲಿಗೆ ಬಂದಿದ್ದು ಹೇಗೆ?

ಪ್ರಶ್ನೆ: ಸರ್, ಒಂದು ತಿಂಗಳಿಂದ ನನ್ನ ಫೋನಲ್ಲಿ ಇಂಡೋನೇಷ್ಯಾದ ಡಾಂಗ್‌ಡುಟ್ ಹಾಡುಗಳೇ ಬರ್ತಿವೆ. ಭಾಷೆ ಒಂದಕ್ಷರ ಗೊತ್ತಾಗಲ್ಲ, ಆದ್ರೆ ತಬಲಾ ಕೇಳಿದ್ರೆ ಹಳೇ ಹಿಂದಿ ಹಾಡೇನೋ ಅನ್ಸುತ್ತೆ. ಈ ಹಾಡುಗಾರರನ್ನೆಲ್ಲ ಯೂಟ್ಯೂಬೇ ಬೆಳೆಸಿದ್ದಾ?

ಉತ್ತರ: ನಿಮ್ಮ ಕಿವಿ ಸರಿಯಾಗೇ ಹಿಡಿದಿದೆ. ಡಾಂಗ್‌ಡುಟ್ ಅನ್ನೋ ಹೆಸರೇ ಆ ತಬಲಾ ಥರದ ಗೆಂಡಾಂಗ್ ಸದ್ದಿಂದ ಬಂದಿದ್ದು, ಡಾಂಗ್ ಅಂತ ಒಂದು ಪೆಟ್ಟು, ಡುಟ್ ಅಂತ ಇನ್ನೊಂದು. ಮಲಯ್ ಹಾಡು, ಹಿಂದಿ ಸಿನಿಮಾ ಸಂಗೀತ, ಅರಬ್ ಧಾಟಿ ಎಲ್ಲ ಬೆರೆತಿದ್ದ ಇದಕ್ಕೆ 1970ರ ದಶಕದಲ್ಲಿ ರೋಮಾ ಇರಾಮಾ ಎಲೆಕ್ಟ್ರಿಕ್ ಗಿಟಾರ್ ಸೇರ್ಸಿ ದೇಶದ ತುಂಬ ಹಬ್ಬಿಸಿದ್ರು.

ಯೂಟ್ಯೂಬೇ ಬೆಳೆಸಿದ್ದು ಅನ್ನೋದು ಮಾತ್ರ ಅರ್ಧ ನಿಜ. ಪೂರ್ವ ಜಾವಾದ ಕಡೆ ಮದುವೆ, ಊರ ಹಬ್ಬ ಅಂದ್ರೆ ಡಾಂಗ್‌ಡುಟ್ ಆರ್ಕೆಸ್ಟ್ರಾ ಇರ್ಬೇಕು, ಆ ಕಾರ್ಯಕ್ರಮವನ್ನ ಯಾರೋ ಕ್ಯಾಮೆರಾದಲ್ಲಿ ಹಿಡಿದು ವಿಸಿಡಿ ಮಾಡಿ ಸಂತೆಯಲ್ಲಿ ಮಾರೋರು. ಇನುಲ್ ದಾರಾತಿಸ್ತಾ ಅನ್ನೋ ಹಾಡುಗಾರ್ತಿ ಹಂಗೇ ಹೆಸರಾಗಿದ್ದು, 2003ರಲ್ಲಿ ಜಕಾರ್ತಾದ ಟಿವಿಯವ್ರು ಆಕೆನ ಕರೆಯೋ ಹೊತ್ತಿಗೆ ಕದ್ದು ಮಾಡಿದ ವಿಸಿಡಿಗಳಲ್ಲಿ ಜನ ಆಗ್ಲೇ ಆಕೆ ಕುಣಿತ ನೋಡಿಬಿಟ್ಟಿದ್ರು. ಅಂದ್ರೆ ಜಕಾರ್ತಾನ ಕೇಳ್ದೆ ಊರ ಸ್ಟೇಜಿಂದ ನೇರ ಜನರ ಮನೆಗೆ ಹೋಗೋ ದಾರಿ ಇಂಟರ್‌ನೆಟ್‌ಗೂ ಮುಂಚೆನೇ ಇತ್ತು, ಯೂಟ್ಯೂಬ್ ಅದನ್ನ ಹೆದ್ದಾರಿ ಮಾಡ್ತು. ಸಿಡೋಆರ್ಜೋ ಕಡೆಯ ವಿಯಾ ವಾಲೆನ್ ಅದೇ ಆರ್ಕೆಸ್ಟ್ರಾಗಳಲ್ಲಿ ಹಾಡ್ತಿದ್ದೋರು, 2017ರಲ್ಲಿ ಅವರ ಜಾವಾ ಭಾಷೆಯ ಹಾಡು ಯೂಟ್ಯೂಬಲ್ಲಿ ಹಬ್ತು, 2018ರ ಏಷ್ಯನ್ ಗೇಮ್ಸ್ ಉದ್ಘಾಟನೆಯಲ್ಲಿ ಆ ಕೂಟದ ಹಾಡು ಹಾಡಿದ್ದೂ ಅವ್ರೇ.

ನನಗೆ ಇದ್ರಲ್ಲಿ ತುಂಬ ದೊಡ್ಡದು ಅನ್ಸೋದು ಭಾಷೆ ವಿಷಯ. ರಾಷ್ಟ್ರೀಯ ಟಿವಿ ಚಾನೆಲ್‌ಗಳೆಲ್ಲ ದೇಶದ ಅಧಿಕೃತ ಭಾಷೆ ಬಹಾಸಾ ಇಂಡೋನೇಷ್ಯಾದಲ್ಲೇ ಮಾತಾಡ್ತವೆ, ಕೋಟಿಗಟ್ಲೆ ಜನ ಮನೆಯಲ್ಲಿ ಆಡೋ ಜಾವಾ ಭಾಷೆಗೆ ಅಲ್ಲಿ ಸಿಗ್ತಿದ್ದ ಜಾಗ ಕಮ್ಮಿ. ಡಿಡಿ ಕೆಂಪೋಟ್ ದಶಕಗಳ ಕಾಲ ಜಾವಾ ಭಾಷೇಲಿ ಪ್ರೀತಿ ಮುರಿದ ಹಾಡುಗಳನ್ನೇ ಹಾಡ್ಕೊಂಡು ಬಂದ್ರು, ಕೇಳ್ತಿದ್ದೋರು ಹೆಚ್ಚಾಗಿ ಹಳಬ್ರು. 2019ರಲ್ಲಿ ಅವರ ಹಾಡಿಗೆ ಹುಡುಗ್ರು ಕಣ್ಣೀರು ಹಾಕ್ತಾ ದನಿಗೂಡಿಸೋ ವಿಡಿಯೋಗಳು ಓಡಾಡಿ, ಕಾಲೇಜು ಮಕ್ಕಳು 'ಸೋಬಾಟ್ ಅಂಬ್ಯಾರ್' ಅಂತ ತಮಗೇ ಹೆಸರಿಟ್ಕೊಂಡ್ರು, ಅಂಬ್ಯಾರ್ ಅಂದ್ರೆ ಚೂರುಚೂರಾಗೋದು, ಇಲ್ಲಿ ಮನಸ್ಸು. ಒಂದು ಹೊಸ ತಲೆಮಾರು ತನ್ನ ಅಜ್ಜಿ ಭಾಷೆಯಲ್ಲಿ ಅಳೋದಕ್ಕೆ ನಾಚ್ಕೊಳ್ಳಲಿಲ್ಲ, ಇದನ್ನ ನೆನೆಸ್ಕೊಂಡ್ರೆ ನಂಗೆ ಈಗ್ಲೂ ಗಂಟಲು ಕಟ್ಟುತ್ತೆ. 2020ರ ಮೇ 5ಕ್ಕೆ ಅವ್ರು ತೀರ್ಕೊಂಡ್ರು, 53 ವರ್ಷ ಅಷ್ಟೇ.

ಪ್ರಶ್ನೆ: ಹಂಗಾದ್ರೆ ಅಲ್ಲಿ ಟಿವಿ ಕಥೆ ಮುಗೀತಾ?

ಉತ್ತರ: ಇಲ್ಲ. ಸಿನೆಟ್ರಾನ್ ಅಂತ ಕರೆಯೋ ದಿನದ ಧಾರಾವಾಹಿಗಳು ಇನ್ನೂ ಇವೆ, ನಮ್ಮ ದೇಶದ ಹಿಂದಿ ಮಹಾಭಾರತ ಧಾರಾವಾಹಿ 2014ರಲ್ಲಿ ಎಎನ್‌ಟಿವೀಲಿ ಬಂದಾಗ ಅರ್ಜುನನ ಪಾತ್ರ ಮಾಡಿದ ಶಹೀರ್ ಶೇಖ್ ಅಲ್ಲಿ ಸ್ಟಾರೇ ಆಗ್ಬಿಟ್ರು. ಬದಲಾಗಿದ್ದು ಯಾರ ಹಿಂದೆ ಯಾರು ಹೋಗ್ತಾರೆ ಅನ್ನೋದು. 2011ರಲ್ಲಿ ಗೊರೊಂತಾಲೊದ ನಾರ್ಮನ್ ಕಮಾರು ಅನ್ನೋ ಪೊಲೀಸ್ ಡ್ಯೂಟಿ ಹೊತ್ತಲ್ಲಿ ಕೂತು 'ಛೈಯ್ಯಾ ಛೈಯ್ಯಾ'ಗೆ ತುಟಿ ಆಡಿಸಿದ್ದು ಯೂಟ್ಯೂಬಿಗೆ ಬಂತು, ಟಿವಿಯವ್ರು ಮುಗಿಬಿದ್ರು, ಅದೇ ವರ್ಷದ ಕೊನೆಗೆ ಆತನ ಪೊಲೀಸ್ ಕೆಲಸವೂ ಹೋಯ್ತು. ಆಮೇಲಾಮೇಲೆ ಟಿವಿ ಮುಖಗಳೇ ಈ ಕಡೆ ಬಂದ್ವು, ಮನಸ್ಸು ಓದೋ ಆಟ ತೋರ್ಸೋ ಮೆಂಟಲಿಸ್ಟ್ ಆಗಿ, ಟಾಕ್ ಶೋ ನಡೆಸಿ ಹೆಸರಾದ ಡೆಡ್ಡಿ ಕೊರ್ಬುಝಿಯರ್ ಯೂಟ್ಯೂಬಲ್ಲಿ ಪಾಡ್‌ಕಾಸ್ಟ್ ಶುರು ಮಾಡಿದ್ರು. ಆರ್‌ಸಿಟಿಐ, ಐನ್ಯೂಸ್ ಅನ್ನೋ ಟಿವಿ ಚಾನೆಲ್‌ಗಳೆರಡೂ 2020ರಲ್ಲಿ ಸಂವಿಧಾನ ಕೋರ್ಟಿಗೆ ಹೋಗಿ ಪ್ರಸಾರ ಕಾನೂನು ಇಂಟರ್‌ನೆಟ್ ವಿಡಿಯೋಗೂ ಅನ್ವಯಿಸ್ಬೇಕು ಅಂತ ಕೇಳಿದ್ವು, 2021ರ ಜನವರೀಲಿ ಕೋರ್ಟ್ ಆಗಲ್ಲ ಅಂತು. ಒಳ್ಳೇದೇ ಆಯ್ತು ಅಂತೀನಿ, ಇಲ್ದಿದ್ರೆ ಲೈವ್ ಹೋಗೋ ಊರ ಕಲಾವಿದ್ರಿಗೂ ಲೈಸೆನ್ಸ್ ಕಾಟ ಬರ್ತಿತ್ತು.

ಪ್ರಶ್ನೆ: ಲೈವಲ್ಲಿ ಜನ ಗಿಫ್ಟ್ ಕಳಿಸ್ತಾರಲ್ಲ, ಅದು ಕಲಾವಿದ್ರಿಗೆ ಒಳ್ಳೇದಲ್ವಾ?

ಉತ್ತರ: ಕಲಾವಿದ್ರಿಗೆ ಹೋದ್ರೆ ಒಳ್ಳೇದೇ. ಡಾಂಗ್‌ಡುಟ್ ಸ್ಟೇಜಲ್ಲಿ ಹಾಡೋರಿಗೆ ನೋಟು ಕೊಡೋ ಪದ್ಧತಿ ಹಳೇದು, ಸಾವೆರಾನ್ ಅಂತಾರೆ, ಅದೇ ಈಗ ಮೊಬೈಲಿಗೆ ಬಂದಿದೆ. ಆದ್ರೆ 2023ರ ಜನವರೀಲಿ ಲೊಂಬೋಕ್ ದ್ವೀಪದಲ್ಲಿ ವಯಸ್ಸಾದ ಹೆಂಗಸ್ರು ಕೆಸರು ನೀರಲ್ಲಿ ಕೂತು ತಲೆ ಮೇಲೆ ನೀರು ಸುರ್ಕೊಳ್ತಾ ಟಿಕ್‌ಟಾಕ್ ಲೈವಲ್ಲಿ ಗಿಫ್ಟ್ ಕೇಳಿದ್ದು ದೊಡ್ಡ ಸುದ್ದಿಯಾಯ್ತು, ಸಾಮಾಜಿಕ ಸಚಿವೆ ತ್ರಿ ರಿಸ್ಮಹಾರಿನಿ ವೃದ್ಧರನ್ನ ಹಿಂಗೆ ಬಳಸ್ಕೊಬಾರ್ದು ಅಂತ ಸುತ್ತೋಲೆನೇ ಹೊರಡಿಸಿದ್ರು. ಅದನ್ನ ಮನರಂಜನೆ ಅನ್ನೋಕೆ ನನ್ನಿಂದ ಆಗಲ್ಲ.

ಪ್ರಶ್ನೆ: ನಮ್ಮಪ್ಪಂಗೆ ತೊಗಲು ಗೊಂಬೆಯಾಟ ಅಂದ್ರೆ ಪ್ರಾಣ. ಜಾವಾದ ವಾಯಾಂಗ್ ತೋರಿಸ್ಬೇಕು ಅಂತಿದೀನಿ. ಅದು ಇನ್ನೂ ಉಳಿದಿದ್ಯಾ, ಮೊಬೈಲ್ ಬಂದು ಹೋಯ್ತಾ?

ಉತ್ತರ: ಮೊಬೈಲಲ್ಲೇ ತೋರ್ಸಿ! ಯೋಗ್ಯಕರ್ತಾ ಶೈಲಿಯ ಕಿ ಸೆನೊ ನುಗ್ರೊಹೊ ಅಂತ ಒಬ್ಬ ದಲಾಂಗ್ ಇದ್ರು, ಗೊಂಬೆ ಆಡಿಸಿ ಕಥೆ ಹೇಳೋರನ್ನ ಹಂಗೆ ಕರೀತಾರೆ. ಅವರ ರಾತ್ರಿಯಿಡೀ ಆಟಗಳನ್ನ ಯೂಟ್ಯೂಬಲ್ಲಿ ಲೈವ್ ಬಿಡ್ತಿದ್ರು, ಕೊರೋನಾ ಬಂದು ಜನ ಸೇರೋದು ನಿಂತಾಗ ಮನೆಯಿಂದ್ಲೇ ಚಿಕ್ಕ ಮೇಳ ಇಟ್ಕೊಂಡು ಆಡ್ಸಿದ್ರು, ಕೂತ ಕಡೆಯಿಂದ ಜನ ನೋಡಿದ್ರು, ದುಡ್ಡೂ ಕಳ್ಸಿದ್ರು, ಮೇಳದವ್ರ ಹೊಟ್ಟೆಗಾಯ್ತು. ಅದೇ 2020ರ ನವೆಂಬರ್ 3ಕ್ಕೆ ಅವ್ರೂ ಹೋಗ್ಬಿಟ್ರು, ರೆಕಾರ್ಡಿಂಗ್‌ಗಳು ಉಳಿದಿವೆ.

ಭಾಷೆ ಬರ್ದಿದ್ರೂ ಅಪ್ಪಂಗೆ ಭೀಮ, ಅರ್ಜುನ, ಕೃಷ್ಣ ಗುರುತು ಸಿಗ್ತಾರೆ. ವ್ಯಾಸರಲ್ಲಿ ಇಲ್ದೇ ಇರೋರು ನಾಲ್ಕು ಜನ ಬರ್ತಾರೆ, ಸೆಮಾರ್, ಗಾರೆಂಗ್, ಪೆಟ್ರುಕ್, ಬಾಗೊಂಗ್, ಪಾಂಡವರ ಕಡೆಯ ಸೇವಕರು, ದೊರೆಗಳಿಗೇ ಎದುರು ಮಾತಾಡ್ತಾರೆ, ಅದ್ರಲ್ಲೂ ಸೆನೊ ಅವರ ಬಾಗೊಂಗ್ ಅಂದ್ರೆ ಜನಕ್ಕೆ ಹುಚ್ಚು. ಮೊದ್ಲಿಂದ ಕೂರಿಸ್ಬೇಡಿ, ಆಸ್ಥಾನದ ಮಾತು ಉದ್ದ ಇರುತ್ತೆ. ನಡುರಾತ್ರಿ ಆದ್ಮೇಲೆ ಬರೋ ಗೊರೊ-ಗೊರೊ ಭಾಗಕ್ಕೆ ವಿಡಿಯೋ ಮುಂದಕ್ಕೆ ಓಡ್ಸಿ, ಅಲ್ಲೇ ಆ ನಾಲ್ವರೂ ಒಟ್ಟಿಗೆ ಸಿಗೋದು.